ಹನ್ನೆರಡೂವರಿ ಊಟಕ್ಕ ಜೋಳದ ಇಂಜೆರಾ

ಹದಿನಾರು ತಾಸು ಹೊಟ್ಟಿ ಖಾಲಿ ಇಟ್ಕೊಂಡಿರೋದು ವಿಜಯಪುರದ ಮಂದಿಗೆ ಹೊಸಾದೇನಲ್ಲ. ಶ್ರಾವಣ ಸೋಮವಾರ ಒಪ್ಪತ್ತು ಮಾಡೋರು, ಏಕಾದಶಿಗೆ ನೀರಷ್ಟ ಕುಡಿದು ಇರೋರು, ರಂಜಾನ್ ಬ್ಯಾಸಗ್ಯಾಗ ಬಂದ್ರೂ ಹನಿ ನೀರು ಮುಟ್ಟದ ರೋಜಾ ಇಡೋರು, ಎಲ್ಲಾರೂ ನಮ್ಮ ಒಂದ ಓಣ್ಯಾಗ ಅದಾರ. ಹಂಗಾಗಿ ನಾನು ಇಂಟರ್ಮಿಟೆಂಟ್ ಫಾಸ್ಟಿಂಗ್ ಅಂತ ಮೊಬೈಲ್‌ನಾಗ ಟೈಮರ್ ಹಾಕ್ಕೊಂಡು ಕುಂತಾಗ ನಮ್ಮ ಅವ್ವಗ ಏನೂ ಆಶ್ಚರ್ಯ ಆಗಲಿಲ್ಲ. ಆಕಿ ಕೇಳಿದ್ದು ಒಂದ ಮಾತು, "ಬಿಡೂಮುಂದ ಏನ್ ತಿಂತಿ?"

ಇಡೀ ವಿಷಯ ಈ ಪ್ರಶ್ನೆದಾಗ ಅದ ಅಂತ ನನಗ ಈಗ ಖಾತ್ರಿ ಆಗೇದ. ಫಾಸ್ಟಿಂಗ್ ಬಗ್ಗೆ ಸಿಗೋ ವಿಡಿಯೋ ಎಲ್ಲಾ ಗಡಿಯಾರದ ಬಗ್ಗೆನ ಮಾತಾಡ್ತಾವ, 16:8 ಮಾಡ್ರಿ (ಹದಿನಾರು ತಾಸು ಉಪವಾಸ, ಎಂಟು ತಾಸಿನ ಒಳಗ ಊಟ), 18:6 ಮಾಡ್ರಿ, ಹದಿನಾರನೇ ತಾಸಿಗೆ ಮೈಯಾಗ ಏನೇನೋ ಸ್ವಚ್ಛ ಆಗತದ ಅಂತಾರ, ಅದಕ್ಕ 2016ರ ನೊಬೆಲ್ ಬಹುಮಾನದ ಹೆಸರು ಹೇಳ್ತಾರ. ಆ ಬಹುಮಾನ ಜಪಾನಿನ ಯೋಶಿನೋರಿ ಓಸುಮಿ ಅವರಿಗೆ ಬಂದದ್ದು ಆಟೋಫೇಜಿ, ಅಂದ್ರ ಕೋಶ ತನ್ನೊಳಗಿನ ಹಳೇ ಭಾಗ ತಾನ ತಿಂದು ಸ್ವಚ್ಛ ಮಾಡ್ಕೊಳ್ಳೋದು, ಹೆಂಗ ನಡೀತದ ಅನ್ನೋದನ್ನ ಯೀಸ್ಟ್ ಕೋಶಗಳೊಳಗ ಬಿಡಿಸಿ ತೋರಿಸಿದ್ದಕ್ಕ, ಮನುಷ್ಯಾ ಎಷ್ಟು ತಾಸು ಉಪವಾಸ ಇರಬೇಕು ಅಂತ ಹೇಳಿದ್ದಕ್ಕಲ್ಲ. ಮನುಷ್ಯರ ಮ್ಯಾಲ ಮಾಡಿದ ಅಧ್ಯಯನ ನೋಡಿದ್ರ ಕಥಿ ಬ್ಯಾರೇನ ಅದ. 2020ರಾಗ ಜಾಮಾ ಇಂಟರ್ನಲ್ ಮೆಡಿಸಿನ್ ಪತ್ರಿಕೆದಾಗ ಟ್ರೀಟ್ ಅನ್ನೋ ಅಧ್ಯಯನ ಬಂತು, 116 ಮಂದಿ, 12 ವಾರ, ಒಂದು ಗುಂಪಿಗೆ ಮಧ್ಯಾಹ್ನ 12ರಿಂದ ರಾತ್ರಿ 8ರ ಒಳಗ ಏನರ ತಿನ್ರಿ ಅಂತ ಬಿಟ್ರು, ಇನ್ನೊಂದು ಗುಂಪಿಗೆ ದಿನಾ ಮೂರು ಹೊತ್ತು ಊಟ. ಕಡೀಕ ನೋಡಿದ್ರ ಎರಡೂ ಗುಂಪಿನ ತೂಕದಾಗ ಹೇಳ್ಕೊಳ್ಳುವಂಥ ಫರಕ್ ಇರಲಿಲ್ಲ, ಮ್ಯಾಲಿಂದ ಫಾಸ್ಟಿಂಗ್ ಗುಂಪಿನವರಿಗೆ ಇಳಿದ ತೂಕದಾಗ ಕೊಬ್ಬಿಗಿಂತ ಸ್ನಾಯುವಿನ ಕಡೆ ಪಾಲು ಹೆಚ್ಚು ಹೋಗಿತ್ತು. 2022ರಾಗ ನ್ಯೂ ಇಂಗ್ಲೆಂಡ್ ಜರ್ನಲ್ ಆಫ್ ಮೆಡಿಸಿನ್‌ನಾಗ ಚೀನಾದ 139 ಮಂದಿಯ ಒಂದು ವರ್ಷದ ಅಧ್ಯಯನ ಬಂತು, ಕ್ಯಾಲೊರಿ ಸಮ ಇಟ್ಟು ಟೈಮ್ ಅಷ್ಟ ಬದಲಿ ಮಾಡಿ ನೋಡಿದ್ರು, ಅಲ್ಲೂ ಹಂಗ, ಟೈಮಿನಿಂದ ಹೆಚ್ಚಿನ ಲಾಭ ಕಾಣಲಿಲ್ಲ.

ಇದನ್ನ ಓದಿ ನಾನು ಫಾಸ್ಟಿಂಗ್ ಬಿಡಲಿಲ್ಲ, ಯಾಕಂದ್ರ ರಾತ್ರಿ ಹನ್ನೊಂದಕ್ಕ ಲ್ಯಾಪ್‌ಟಾಪ್ ಮುಂದ ಕುಂತು ತಿನ್ನೋ ಚಟ ಇದರಿಂದ ಹೋತು, ನಿದ್ದಿ ಚಲೋ ಆತು, ಬೆಳಿಗ್ಗೆ ತಲಿ ಹಗರ ಇರತದ. ಆದ್ರ ಗಮನ ಎಲ್ಲಾ ತಾಟಿನ ಮ್ಯಾಲ ಬಂತು. ರಾತ್ರಿ ಎಂಟೂವರಿಗೆ ಊಟ ಮುಗಿಸಿ ಮರುದಿನ ಹನ್ನೆರಡೂವರಿಗೆ ಬಿಡತೀನಿ, ಆ ಹನ್ನೆರಡೂವರಿಗೆ ಮೊದಲನೇ ತುತ್ತು ಏನು? ನಮ್ಮ ಕಡೆ ಉಪವಾಸ ಅಂದ್ರ ಶಾಬೂದಾಣಿ. ರುಚಿ ಬಗ್ಗೆ ನನಗ ಎರಡು ಮಾತಿಲ್ಲ, ಶೇಂಗಾ ಪುಡಿ ಹಾಕಿದ ಶಾಬೂದಾಣಿ ಉಸುಳಿ ಯಾರಿಗೆ ಬ್ಯಾಡ, ಆದ್ರ ಅದು ಬರೇ ಪಿಷ್ಟ, ಖಾಲಿ ಹೊಟ್ಟಿಗೆ ಅದೊಂದ ಬಿದ್ರ ಎರಡು ಗಂಟೆಕ್ಕ ಕಣ್ಣು ಮುಚ್ಚಿ ಬರತಾವ, ನಾಕಕ್ಕ ಮತ್ತ ಹಸಿವು.

ನನಗ ಬೇಕಾಗಿದ್ದು ಇಥಿಯೋಪಿಯಾದ ಅಡಿಗಿ ಮನ್ಯಾಗ ಸಿಕ್ತು. ಬೆಂಗಳೂರಾಗ ಕೆಲಸ ಮಾಡೋವಾಗ ನಮ್ಮ ಟೀಮ್‌ನಾಗ ಅಡಿಸ್ ಅಬಾಬಾದ ಒಬ್ಬ ಹುಡುಗ ಇದ್ದ, ಅವನ ರೂಮಿನ್ಯಾಗ ಮೊದಲ ಸಲ ಉಂಡಿದ್ದೆ. ಅವತ್ತು ಶುಕ್ರವಾರ, ಅವನದು ಉಪವಾಸದ ದಿನ. ಇಥಿಯೋಪಿಯಾದ ಆರ್ಥೊಡಾಕ್ಸ್ ಕ್ರೈಸ್ತರು ವರ್ಷದಾಗ ಎಷ್ಟು ಉಪವಾಸ ಮಾಡ್ತಾರ ಅಂದ್ರ ನಂಬಾಕ ಆಗೂದಿಲ್ಲ, ಬುಧವಾರ ಶುಕ್ರವಾರ ಅಂತೂ ಇದ್ದದ್ದ, ಈಸ್ಟರ್ ಮುಂಚೆ ದೊಡ್ಡ ಉಪವಾಸ 55 ದಿನ, ಇನ್ನೂ ಅದಾವ. ಆ ದಿನಗಳಾಗ ಮಾಂಸ, ಹಾಲು, ತುಪ್ಪ, ತತ್ತಿ ಯಾವುದೂ ಇಲ್ಲ, ಮಧ್ಯಾಹ್ನದ ತನಕ ಹೊಟ್ಟಿಗೂ ಇಲ್ಲ, ಕಟ್ಟುನಿಟ್ಟಾಗಿ ಮಾಡೋರು 3 ಗಂಟೆ ತನಕ ಏನೂ ಮುಟ್ಟೂದಿಲ್ಲ. ನೂರಾರು ವರ್ಷ ಹಿಂಗ ಉಪವಾಸ ಮಾಡಿದ ಮಂದಿ ಉಪವಾಸ ಬಿಡೋ ಊಟವನ್ನೂ ಅಷ್ಟ ಪಕ್ಕಾ ಕಟ್ಟಿದ್ರು. ಅದಕ್ಕ ಬೆಯಾಯ್ನೆತು ಅಂತಾರ, ಒಂದು ದೊಡ್ಡ ಇಂಜೆರಾ, ಅಂದ್ರ ಹುದುಗಿಸಿದ ಹಿಟ್ಟಿನ ದ್ವಾಸಿಯಂಥಾ ಮೆತ್ತನ ರೊಟ್ಟಿ, ಹಾಸಿ ಅದರ ಮ್ಯಾಲ ಬ್ಯಾಳಿ, ಕಡ್ಲಿ ಹಿಟ್ಟಿನ ಪಲ್ಲೆ, ಸೊಪ್ಪು, ಗಜ್ಜರಿ ಕ್ಯಾಬೇಜು, ಎಲ್ಲಾ ಸ್ವಲ್ಪ ಸ್ವಲ್ಪ ಗುಡ್ಡಿ ಹಾಕ್ತಾರ. ನೋಡಿದ ಕೂಡ್ಲೆ ನನಗ ಅನಿಸಿದ್ದು, ಇದು ನಮ್ಮ ರೊಟ್ಟಿ ಊಟನ, ಬರೇ ರೊಟ್ಟಿ ಮೆತ್ತಗಾಗೇದ.

ಹಂಗ ಅನಿಸೋದಕ್ಕ ಕಾರಣಾನೂ ಅದ. ಮನುಷ್ಯಾ ಬೆಳೆಸಿದ ಜೋಳದ ಇಲ್ಲಿತನಕ ಸಿಕ್ಕ ಅತಿ ಹಳೇ ಗುರುತು ಪೂರ್ವ ಸುಡಾನಿನ್ಯಾಗ ಅದಾವ, ಕ್ರಿ.ಪೂ. 3000ದ ಸುಮಾರಿನವು, ಅಲ್ಲಿಂದ ಇಥಿಯೋಪಿಯಾ ಗಡಿ ದೂರ ಇಲ್ಲ. ಅಲ್ಲಿಂದ ಹೊಂಟ ಕಾಳು ಸುಮಾರು ನಾಕು ಸಾವಿರ ವರ್ಷದ ಹಿಂದ ನಮ್ಮ ದೇಶ ಮುಟ್ಟಿತು, ಡೋಣಿ ಹೊಳಿ ದಂಡಿ ಎರಿ ಭೂಮ್ಯಾಗ ಬಂದು ಬೇರು ಬಿಟ್ಟಿತು. ಡೋಣಿ ಬೆಳೆದ್ರ ಓಣಿಯೆಲ್ಲಾ ಕಾಳು ಅಂತ ನಮ್ಮ ಕಡೆ ಮಾತ ಅದ. ಗುರೆಳ್ಳೂ ಅಲ್ಲಿದ, ಅದರ ಸಸ್ಯಶಾಸ್ತ್ರದ ಹೆಸರು ಗೈಜೋಷಿಯಾ ಅಬಿಸಿನಿಕಾ, ಅಬಿಸಿನಿಯಾ ಅಂದ್ರ ಇಥಿಯೋಪಿಯಾ. ಅಲ್ಲಿ ಅದಕ್ಕ ನೂಗ್ ಅಂತಾರ, ಎಣ್ಣಿ ತೆಗೀತಾರ, ಉಪವಾಸದ ದಿನ ತುಪ್ಪ ಬಂದ್ ಇರತದಲ್ಲ, ಆವಾಗ ಅಡಿಗಿಗೆ ಆ ಎಣ್ಣಿ ಬಳಸ್ತಾರ. ನಾವು ಅದನ್ನ ಹುರಿದು ಬಳ್ಳೊಳ್ಳಿ, ಕೆಂಪಖಾರ, ಉಪ್ಪು ಹಾಕಿ ಕುಟ್ಟಿ ಹಿಂಡಿ ಮಾಡಿ ಡಬ್ಬಿ ತುಂಬತೀವಿ. ಹಂಗಾಗಿ ಎರಡು ದೂರದ ದೇಶದ ಅಡಿಗಿ ಕೂಡಸಾಕತ್ತೀನಿ ಅಂತ ನನಗ ಅನಸೂದಿಲ್ಲ, ಬೀಗರ ಮನಿಗೆ ಹೋದಂಗ ಅನಸ್ತದ.

ನಮ್ಮ ಊರಿಗೆ ಅಲ್ಲಿಯ ಮಂದೀನೂ ಬಂದಿದ್ರು, ಅದೂ ಸಣ್ಣ ಪುಟ್ಟ ಸಂಖ್ಯೆದಾಗಲ್ಲ. ಎರಡನೇ ಇಬ್ರಾಹಿಂ ಆದಿಲ್‌ಶಾಹಿ ಸಣ್ಣ ಹುಡುಗ ಇದ್ದಾಗ 1582ರಿಂದ 1590ರ ತನಕ ವಿಜಾಪುರದ ಕಾರಭಾರ ನಡೆಸಿದ ದಿಲಾವರ್ ಖಾನ್ ಹಬಶಿ, ಅಂದ್ರ ಅಬಿಸಿನಿಯಾ ಮೂಲದವ. ಅಹ್ಮದನಗರದ ಮಲಿಕ್ ಅಂಬರ್ ಇಥಿಯೋಪಿಯಾದಾಗ ಹುಟ್ಟಿ, ಗುಲಾಮನಾಗಿ ಮಾರಾಟ ಆಗಿ, ದಖ್ಖನಿಗೆ ಬಂದು, ಮೊಘಲರನ್ನ ವರ್ಷಾನುಗಟ್ಲೆ ತಡೆದು ನಿಲ್ಲಿಸಿದ, ಅವನೂ ಸ್ವಲ್ಪ ದಿನ ವಿಜಾಪುರದ ಸೇವಾದಾಗ ಇದ್ದ. ಗೋಳಗುಮ್ಮಟ ಕಟ್ಟಿಸಿದ ಮಹಮ್ಮದ್ ಆದಿಲ್‌ಶಾಹಿಯ ದರಬಾರಿನ್ಯಾಗ ಇಖ್ಲಾಸ್ ಖಾನ್ ಅನ್ನೋ ಹಬಶಿ ಎಷ್ಟು ದೊಡ್ಡ ಮಂತ್ರಿ ಅಂದ್ರ ಅವನ ಚಿತ್ರಗಳು ಇವತ್ತಿಗೂ ವಿಜಾಪುರ ಕಲೆಯ ಪುಸ್ತಕದಾಗ ಎದ್ದು ಕಾಣಸ್ತಾವ. ದಿನಾ ಗುಮ್ಮಟದ ಮುಂದ ಹಾದು ಹೋಗೋ ನಮ್ಮ ಹುಡುಗರಿಗೆ ಇದನ್ನ ಸಾಲ್ಯಾಗ ಇನ್ನೊಂದು ನಾಕು ಸಾಲು ಹೆಚ್ಚಿಗಿ ಕಲಿಸಬೇಕು ಅಂತ ನನಗ ಭಾಳ ಅನಸ್ತದ. ಇರಲಿ, ಅಡಿಗಿಗೆ ಬರತೀನಿ.

ಇಂಜೆರಾ ಮೂಲದಾಗ ಟೆಫ್ ಅನ್ನೋ ಕಾಳಿನದು, ಗಸಗಸಿಯಂಥಾ ಸಣ್ಣ ಕಾಳು, ಅದು ವಿಜಯಪುರದಾಗ ಎಲ್ಲಿ ಸಿಗಬೇಕು. ಆದ್ರ ಇಥಿಯೋಪಿಯಾದ ಒಣ ಪ್ರದೇಶದಾಗ ಜೋಳದ ಇಂಜೆರಾನ ಮಾಡ್ತಾರ, ಸುಡಾನಿನ್ಯಾಗ ಅದಕ್ಕಿಂತ ತೆಳ್ಳಗ ಕಿಸ್ರಾ ಅಂತ ಮಾಡ್ತಾರ, ಅದೂ ಹುದುಗಿಸಿದ ಜೋಳದ ಹಿಟ್ಟಿಂದು. ಹಂಗಾಗಿ ನಾನು ಎಲ್‌ಬಿಎಸ್ ಮಾರ್ಕೆಟ್‌ನಾಗ ಮಾಲದಂಡಿ ಬಿಳಿಜೋಳ ತಗೊಂಡು ಗಿರಣಿಗೆ ಹಾಕಸ್ತೀನಿ, ಬೀಸಿದ ಹಿಟ್ಟು ಎರಡು ಮೂರು ದಿನದಾಗ ಬಳಸಬೇಕು, ಹಳೇ ಹಿಟ್ಟಿಗೆ ಜಿಗಿ ಇರೂದಿಲ್ಲ, ರೊಟ್ಟಿ ಬಡಿಯೋರಿಗೆ ಇದು ಹೇಳಬೇಕಾಗೇ ಇಲ್ಲ.

ಮೂರು ಬಟ್ಟಲ ಹಿಟ್ಟಿಗೆ ನೀರು ಹಾಕಿ ದ್ವಾಸಿ ಹಿಟ್ಟಿನಂಗ ಕಲಿಸಿ, ಹಿಂದಿನ ಸಲದ ಹುಳಿ ನೀರು ಒಂದಿಷ್ಟು ಹಾಕಿ, ಮುಚ್ಚಿ ಇಡೋದು. ಹಿಟ್ಟು ತಳಕ್ಕ ಕುಂತು ಮ್ಯಾಲ ತಿಳಿ ಹಳದಿ ನೀರು ನಿಲ್ಲತದಲ್ಲ, ಅದಕ್ಕ ಅವರು ಎರ್ಶೊ ಅಂತಾರ, ಅದ ಮುಂದಿನ ಸಲದ ಹೆಪ್ಪು. ಚಳಿಗಾಲದಾಗ ಎರಡು ದಿನ ಬೇಕು, ಏಪ್ರಿಲ್ ಮೇದಾಗ ನಮ್ಮ ಊರ ಬಿಸಲಿಗೆ ಒಂದು ದಿನ ಆದ್ರ ಸಾಕು, ವಾಸನಿ ಅಂಬಲಿಯಂಗ ಹುಳಿ ಬಂತು ಅಂದ್ರ ಆತು.

ಇದರ ಮುಂದಿನ ಕೆಲಸ ನನಗ ಎಲ್ಲಕ್ಕಿಂತ ಪ್ರೀತಿ. ಜೋಳದಾಗ ಗೋಧಿಯಂಗ ಗ್ಲೂಟೆನ್ ಇಲ್ಲ, ಹಂಗ ಹಂಚಿಗೆ ಹೊಯ್ದ್ರ ಹರದು ಹೋಗತದ. ಅದಕ್ಕ ಇಥಿಯೋಪಿಯಾದ ಹೆಣ್ಮಕ್ಕಳು ಹುದುಗಿದ ಹಿಟ್ಟಿನ್ಯಾಗ ಒಂದು ಸೌಟು ತಗದು, ಎರಡು ಬಟ್ಟಲ ನೀರಾಗ ಕಲಿಸಿ, ಸಣ್ಣ ಉರಿ ಮ್ಯಾಲ ಕೈ ಬಿಡದ ತಿರುವತಾರ. ಮೊದಲ ಬೆಳ್ಳಗ ನೀರ್ ನೀರ್ ಇರತದ, ಏನೂ ಆಗಾಕತ್ತಿಲ್ಲ ಅನಸ್ತದ, ಆಮ್ಯಾಲೆ ತಳದಾಗ ಸೌಟು ಒಂಚೂರು ಜಡ ಆಗತದ, ಅಂಚಿನ್ಯಾಗ ದಪ್ಪ ಗೆರಿ ಕಾಣಸ್ತದ, ಮತ್ತ ಒಮ್ಮಿಂದೊಮ್ಮೆ ಇಡೀ ಪಾತ್ರಿ ಗಟ್ಟಿ ಆಗಿ, ಬಿಳುಪು ಹೋಗಿ ಹೊಳಪು ಬರತದ, ಸೌಟು ಎತ್ತಿದ್ರ ರಿಬ್ಬನ್ನಿನಂಗ ಇಳೀತದ. ಇದು ಅಬ್ಸಿತ್. ಇದನ್ನ ಆರಿಸಿ ಮತ್ತ ಹಿಟ್ಟಿಗೆ ಕೂಡಿಸಿ ಒಂದೆರಡು ತಾಸು ಬಿಟ್ರ ಹಿಟ್ಟು ಬುಸು ಬುಸು ಎದ್ದು ಗುಳ್ಳಿ ಬಿಡತದ.

ಅವ್ವ ಕಟ್ಟಿ ಮ್ಯಾಲ ಬೆಳ್ಳೊಳ್ಳಿ ಸುಲೀತಾ ಇದನ್ನೆಲ್ಲಾ ನೋಡಾಕತ್ತಿದ್ಲು. "ಇದು ಎಸರ ಅಲ್ಲೇನೋ" ಅಂದ್ಲು. ಹೌದು, ಅದ. ನಮ್ಮ ಹೆಣ್ಮಕ್ಕಳು ಕೊಮಣಿಗ್ಯಾಗ ಜೋಳದ ಹಿಟ್ಟಿನ ನಡಕ ಕುಣಿ ಮಾಡಿ ಕುದಿಯೋ ಎಸರು ಹಾಕಿ ನಾದತಾರಲ್ಲ, ಆ ಬಿಸಿಗೆ ಪಿಷ್ಟ ಬೆಂದು ಅಂಟು ಬರತದ, ಅದರ ಬಲದಿಂದನ ರೊಟ್ಟಿ ಅಷ್ಟು ಅಗಲ ಬಡದ್ರೂ ಸೀಳೂದಿಲ್ಲ. ಅಲ್ಲಿ ಹಿಟ್ಟು ಬೇಯಿಸಿ ಹಿಟ್ಟಿಗೆ ಕೂಡಸ್ತಾರ, ಇಲ್ಲಿ ಕುದಿಯೋ ನೀರಾಗ ಹಿಟ್ಟು ಬೇಯಸ್ತಾರ, ಕೆಲಸ ಒಂದ. ಫುಡ್ ಸೈನ್ಸ್ ಪುಸ್ತಕದಾಗ ಇದಕ್ಕ ಜೆಲಟಿನೈಸೇಶನ್ ಅಂತ ಬರೀತಾರ, ಅವ್ವ ಒಂದ ನೋಟಕ್ಕ ಹಿಡದ್ಲು.

ಹಂಚಿನ ಮ್ಯಾಲ ಹೊರಗಿಂದ ಒಳಗ ಸುತ್ತ ಹೊಯ್ಕೋತ ಬರಬೇಕು, ಎಣ್ಣಿ ಬ್ಯಾಡ, ಮ್ಯಾಲ ಕಣ್ಣು ಕಣ್ಣು ತೂತು ಬಿದ್ದ ಕೂಡ್ಲೆ ಮುಚ್ಚಬೇಕು, ಒಂದ ಕಡೆ ಬೇಯಿಸೋದು, ಹೊಳ್ಳಿಸಿ ಹಾಕೂದಿಲ್ಲ. ಅವರ ಮಿತಾದ್ ಅನ್ನೋ ಮಣ್ಣಿನ ಹಂಚು ನಮ್ಮ ರೊಟ್ಟಿ ಹಂಚಿಗಿಂತ ಭಾಳ ಅಗಲ, ನಾನು ಸಣ್ಣವ ಮಾಡತೀನಿ.

ಬ್ಯಾಳಿ ಚನ್ನಂಗಿದು, ಅಂದ್ರ ಮಸೂರ. ಅವರ ಮಿಸಿರ್ ವೊಟ್ ಅನ್ನೋ ಗಟ್ಟಿ ಬ್ಯಾಳಿ ಅದರದ ಇರತದ. ಇಲ್ಲಿ ಒಂದು ಕಲಿಯೋವಂಥಾದ್ದು ಅದ, ಉಳ್ಳಾಗಡ್ಡಿಯನ್ನ ಭಾಳ ಸಣ್ಣಗ ಹೆಚ್ಚಿ ಎಣ್ಣಿ ಇಲ್ಲದ ಒಣ ಪಾತ್ರ್ಯಾಗ ಹಾಕಿ, ಅದರ ನೀರಿನ್ಯಾಗ ಅದನ್ನ ಬೇಯಿಸ್ಕೋತ ಇಪ್ಪತ್ತು ಮೂವತ್ತು ಮಿನಿಟ ತಿರುವೋದು, ಹತ್ತತು ಅನಿಸಿದಾಗ ಒಂದು ಚಮಚಿ ನೀರು. ಅದು ಮುದ್ದಿ ಆಗಿ ಕಂದು ಬಣ್ಣಕ್ಕ ಬಂದ ಮ್ಯಾಲನ ಎಣ್ಣಿ, ಆಮ್ಯಾಲೆ ಬೆರ್ಬೆರೆ. ನಾವು ಮೊದಲ ಎಣ್ಣಿ ಸುರವಿ ಗಡಬಡ ಒಗ್ಗರಣಿ ಹಾಕೋರು, ನಮಗ ತಾಳ್ಮಿ ಬೇಕಾಗತದ, ಆದ್ರ ಆ ಉಳ್ಳಾಗಡ್ಡಿ ಸೀ ಒಂದು ಸಲ ನಾಲಿಗ್ಗೆ ಹತ್ತಿದ್ರ ಬಿಡೂದಿಲ್ಲ, ಎಣ್ಣೀನೂ ಅರ್ಧಕ್ಕರ್ಧ ಉಳೀತದ. ಬೆರ್ಬೆರೆ ನಮ್ಮ ಮಸಾಲಿ ಖಾರದ ತಂಗಿ, ಕೆಂಪ ಮೆಣಸಿನಕಾಯಿ, ಕೊತ್ತಂಬರಿ ಬೀಜ, ಮೆಂತೆ, ಅಜವಾನ, ಕಲೌಂಜಿ, ಶುಂಠಿ, ಬೆಳ್ಳೊಳ್ಳಿ, ಕೊರೆರಿಮಾ ಅನ್ನೋ ಅಲ್ಲಿಯ ಯಾಲಕ್ಕಿ. ನಾನು ಬ್ಯಾಡಗಿ ಮೆಣಸಿನಕಾಯಿ ಬಣ್ಣಕ್ಕ, ಗುಂಟೂರು ಖಾರಕ್ಕ ಹಾಕತೀನಿ, ಕೊರೆರಿಮಾ ಬದಲಿಗೆ ನಮ್ಮ ಯಾಲಕ್ಕಿ ಜತಿ ಒಂದು ಚೂರು ಜಾಜಿಕಾಯಿ. ಮೆಣಸಿನಕಾಯಿ ಮಾತ್ರ ಅವರದೂ ಅಲ್ಲ ನಮ್ಮದೂ ಅಲ್ಲ, ಅಮೆರಿಕಾ ಖಂಡದಿಂದ ಪೋರ್ಚುಗೀಸರ ಕಾಲಕ್ಕ ಬಂದದ್ದು, ಆದ್ರ ಈಗ ಎರಡೂ ಕಡೆ ಅದಿಲ್ಲದ ಊಟ ಇಲ್ಲ.

ಶಿರೋ ಅಂದ್ರ ಹುರಿದ ಕಡ್ಲಿ ಹಿಟ್ಟಿನ ಪಲ್ಲೆ, ನಮ್ಮ ಜುಣಕನ ಅನ್ರಿ, ಜುಣಕ ಗಟ್ಟಿ, ಶಿರೋ ತಿಳಿ, ತಾಟಿನ್ಯಾಗ ಗುಳು ಗುಳು ಕುದಿಯೂಮುಂದನ ಬರಬೇಕು. ಸೊಪ್ಪಿನ ಜಾಗಾದಾಗ ಅವರು ಗೊಮೆನ್ ಮಾಡ್ತಾರ, ನಾನು ಅಲ್ಲಿ ಪುಂಡಿ ಪಲ್ಲೆನ ಇಡತೀನಿ, ಜೋಳದ ನುಚ್ಚು ಹಾಕಿ ಮಾಡಿದ್ದು, ಈ ವಿಷಯದಾಗ ನನ್ನ ಮನಸು ಬದಲಿ ಆಗೂದಿಲ್ಲ. ಜತಿಗೆ ಗುರೆಳ್ಳ ಹಿಂಡಿ, ಮೊಸರು, ಹಸಿ ಉಳ್ಳಾಗಡ್ಡಿ, ಮೂಲಂಗಿ, ಮೆಂತೆ ತಪ್ಪಲ ಹಸೀದ. ಮೊಸರು ಅವರ ಉಪವಾಸಕ್ಕ ನಡೆಯೂದಿಲ್ಲ, ನನ್ನದಕ್ಕ ನಡೀತದ.

ಈಗ ಈ ತಾಟು ಖಾಲಿ ಹೊಟ್ಟಿಗೆ ಯಾಕ ಕೂಡತದ ಅಂತ ಹೇಳಬೇಕು. ನೂರು ಗ್ರಾಂ ಜೋಳದಾಗ ಪ್ರೋಟೀನ್ ಸುಮಾರು 10 ಗ್ರಾಂ, ನಾರು ಸುಮಾರು 10 ಗ್ರಾಂ. ಆದ್ರ ಜೋಳದ ಪ್ರೋಟೀನಿನ್ಯಾಗ ಮೈಗೆ ಬೇಕಾದ ಲೈಸಿನ್ ಅನ್ನೋ ಅಮೈನೋ ಆಮ್ಲ ಕಡಿಮಿ, ಮತ್ತ ಕಾಫಿರಿನ್ ಅನ್ನೋ ಅದರ ಮುಖ್ಯ ಪ್ರೋಟೀನು ನೀರಾಗ ಬೇಯಿಸಿದ್ರ ಇನ್ನಷ್ಟು ಬಿಗಿ ಆಗಿ ಕರಗೂದು ಕಡಿಮಿ ಆಗತದ. ಹುದುಗಿಸಿದ್ರ ಅದು ಸುಧಾರಸ್ತದ, ಕಬ್ಬಿಣ ಸತು ಹಿಡದು ಕುಂತಿರೋ ಫೈಟೇಟೂ ಇಳೀತದ. ಲೈಸಿನ್ ಕೊರತಿಯನ್ನ ಚನ್ನಂಗಿ ಮತ್ತ ಕಡ್ಲಿ ತುಂಬತಾವ, ಚನ್ನಂಗಿಯೊಳಗ ನೂರು ಗ್ರಾಮಿಗೆ 24 ಗ್ರಾಂ ಆಸುಪಾಸು ಪ್ರೋಟೀನ್ ಅದ. ಟ್ರೀಟ್ ಅಧ್ಯಯನದಾಗ ಸ್ನಾಯು ಕರಗಿದ್ದು ಓದಿದಾಗಿಂದ ನಾನು ಬ್ಯಾಳಿ ಪಲ್ಲೆ ಎರಡೂ ತಪ್ಪಸೂದಿಲ್ಲ, ಎಂಟು ತಾಸಿನ್ಯಾಗ ದಿನದ ಪ್ರೋಟೀನ್ ಎಲ್ಲಾ ತುಂಬಬೇಕಾದ್ರ ಮೊದಲನೇ ಊಟ ಹಗರ ಆದ್ರ ನಡೆಯೂದಿಲ್ಲ, ವಾರದಾಗ ಎರಡು ಮೂರು ದಿನ ಭಾರ ಎತ್ತೋ ವ್ಯಾಯಾಮಾನೂ ಬೇಕು. ಉಂಡ ಮ್ಯಾಲ ನಿದ್ದಿ ಎಳಿಯೂದಿಲ್ಲ, ಸಂಜಿ ಏಳರ ತನಕ ಹಸಿವಿನ ಸುದ್ದಿ ಇಲ್ಲ.

ಸಕ್ಕರಿ ಕಾಯಿಲೆಗೆ ಇನ್ಸುಲಿನ್ ಅಥವಾ ಸಕ್ಕರಿ ಇಳಿಸೋ ಗುಳಿಗಿ ತಗೊಳ್ಳೋರು, ಬಸರಿ ಬಾಣಂತಿಯರು, ಡಾಕ್ಟರನ್ನ ಕೇಳದ ಇದಕ್ಕ ಕೈ ಹಾಕಬ್ಯಾಡ್ರಿ, ಖಾಲಿ ಹೊಟ್ಟಿಗೆ ಶುಗರ್ ಲೋ ಆದ್ರ ಜೀವಕ್ಕ ಅಪಾಯ. ನಮ್ಮ ಅಪ್ಪಗ ಶುಗರ್ ಅದ, ಅಂವಾ ಬೆಳಿಗ್ಗೆ ಎಂಟಕ್ಕ ನಾಷ್ಟಾ ಮಾಡತಾನ, ಹನ್ನೆರಡೂವರಿಗೆ ನಮ್ಮ ಜತಿ ಕುಂತು ಇದನ್ನೂ ಉಣತಾನ, ಉಪವಾಸದ ಲೆಕ್ಕದಾಗ ಅಂವನ್ನ ಎಳಿಯೂದಿಲ್ಲ.

ಊಟ ಮಾತ್ರ ಒಂದ ತಾಟಿನ್ಯಾಗ. ದೊಡ್ಡ ಪರಾತದಾಗ ಇಂಜೆರಾ ಹಾಸಿ ಎಲ್ಲಾರೂ ಸುತ್ತ ಕುಂತು ತಮ್ಮ ತಮ್ಮ ಮುಂದಿನದು ಮುರಕೊಂಡು ಬ್ಯಾಳಿ ಎತ್ತಿ ಉಣ್ಣೋದು, ಬಲಗೈಲೆ. ಇಥಿಯೋಪಿಯಾದಾಗ ಗುರ್ಶಾ ಅಂತ ಪದ್ಧತಿ ಅದ, ತುತ್ತು ಕಟ್ಟಿ ಮುಂದ ಕುಂತವರ ಬಾಯಿಗೆ ಇಡೋದು, ಪ್ರೀತಿ ಇದ್ದಷ್ಟು ತುತ್ತು ದೊಡ್ಡದು. ಇದನ್ನ ಹೇಳಿದ್ದ ತಡ, ಅವ್ವ ಪುಂಡಿ ಪಲ್ಲೆ ಮ್ಯಾಲ ಗುರೆಳ್ಳ ಹಿಂಡಿ ಒತ್ತಿ ಇಷ್ಟು ದೊಡ್ಡ ತುತ್ತು ಮಾಡಿ ಅಪ್ಪನ ಬಾಯಿಗೆ ಇಟ್ಲು. ಮಕ್ಕಳ ಮುಂದ, ನಮ್ಮ ಮುಂದ, ಹಂಗ ಆಕಿ ಮಾಡಿದ್ದನ್ನ ನಾನು ಹುಟ್ಟಿದಾಗಿಂದ ನೋಡಿರಲಿಲ್ಲ. ಅಪ್ಪ ಬಾಯಿ ತುಂಬ ತುತ್ತು ಇಟ್ಕೊಂಡು ಮಾತಾಡಾಕ ಆಗದ ತಲಿ ಅಲ್ಲಾಡಿಸಿದ. ಈಗ ಇಂಜೆರಾ ದಿನ ಬಂತು ಅಂದ್ರ ಮಕ್ಕಳು ಮೊದಲನೇ ಗುರ್ಶಾ ಯಾರು ಯಾರಿಗೆ ಅಂತ ಜಗಳಾಡ್ತಾರ.

ಇಂಜೆರಾ ಉಳದ್ರ ಚೂರು ಮಾಡಿ, ಉಳಿದ ಬ್ಯಾಳಿ ಒಳಗ ಹಾಕಿ ಬಿಸಿ ಮಾಡಿದ್ರ ಅದು ಫಿರ್‌ಫಿರ್. ಅಡಿಸ್ ಅಬಾಬಾದಾಗ ಅದು ಮುಂಜಾನಿ ನಾಷ್ಟಾ, ನಮ್ಮ ಮನ್ಯಾಗ ಮುಂಜಾನಿ ಒಲಿ ಹೊತ್ತೂದು ಅಪ್ಪಗ ಮತ್ತ ಮಕ್ಕಳಿಗೆ ಅಷ್ಟ, ಹಂಗಾಗಿ ನಾನು ಸಂಜಿ ಏಳೂವರಿಗೆ ಮಾಡತೀನಿ. ಅವ್ವ ಅದರಾಗ ಬೆಳ್ಳೊಳ್ಳಿ, ಹಸಿ ಮೆಣಸಿನಕಾಯಿ, ಒಂದು ಚಮಚಿ ಶೇಂಗಾ ಎಣ್ಣಿ ಹಾಕಿ ಕೈಲೆ ಹಿಚಕಿ ಮುಟಗಿ ಕಟ್ಟತಾಳ, ರೊಟ್ಟಿ ಮುಟಗಿಗಿಂತ ಇದು ಹುಳಿ ಇರೋದರಿಂದ ಲಿಂಬಿಹಣ್ಣು ಬ್ಯಾಡ ಅಂತಾಳ. ಹೆಪ್ಪಿನ ಹುಳಿ ನೀರು ಒಂದು ಬಾಟ್ಲಿ ಫ್ರಿಜ್‌ನಾಗ ಅದ, ಓಣ್ಯಾಗ ಈಗಾಗಲೇ ಎರಡು ಮನಿಗೆ ಕೊಟ್ಟೀವಿ, ಯಾರಿಗರ ಬೇಕಾದ್ರ ಡಬ್ಬಿ ತಗೊಂಡು ಬರ್ರಿ.